ಹೊನ್ನೂರಮ್ಮನ ಮೂರು ನಿಮಿಷ

ಸ್ವಾಮಿ, ನಾನು ಹೇಳುವುದರಲ್ಲಿ ಒಂದಕ್ಷರ ಸುಳ್ಳಿದ್ದರೆ ನಾಳೆ ಬೆಳಿಗ್ಗೆ ನನ್ನ ಮೀಸೆ ಕಳಚಿ ಟೀ ಲೋಟದೊಳಕ್ಕೆ ಬೀಳಲಿ. ಹಾಗೆ ಒಮ್ಮೆ ಬಿದ್ದದ್ದೂ ಉಂಟು. ಆದರೆ ಅದು ಸುಳ್ಳು ಹೇಳಿದ್ದಕ್ಕಲ್ಲ, ಆ ವಾರದ ಪ್ರಯೋಗವೇ ಹಾಗಿತ್ತು. ನಿಮ್ಮ ಬಸ್ಸಿಗೆ ಇನ್ನೂ ಮುಕ್ಕಾಲು ಗಂಟೆ ಇದೆ, ಬಿಸಿಲಲ್ಲಿ ಯಾಕೆ ನಿಲ್ಲುತ್ತೀರಿ, ಇಲ್ಲಿ ಗಿರಣಿಯ ಜಗಲಿ ಮೇಲೆ ಕೂತುಕೊಳ್ಳಿ. ನನ್ನ ಹೆಸರು ರುದ್ರೇಶಿ. ಒಂದೇ ಒಂದು ಷರತ್ತು. ಕತೆಯ ಕೊನೆಗೆ ನಾನೊಂದು ಮಾತು ಹೇಳುತ್ತೇನೆ, ಅದನ್ನು ಕೇಳಿಸಿಕೊಂಡೇ ಮೇಲೇಳಬೇಕು. ಯಾಕೆ ಅಂತ ಕತೆಯಲ್ಲೇ ಗೊತ್ತಾಗುತ್ತದೆ.

ಅಗೋ, ಆ ಶೆಡ್ಡಿನಾಚೆ ಬಿಳಿ ಗೋಡೆಯ ತುದಿ ಕಾಣುತ್ತದಲ್ಲ, ಅದು ಹಳೇ ಹತ್ತಿ ಮಿಲ್ಲಿನದು. ಮಿಲ್ಲು ಮುಚ್ಚಿ ಬಹಳ ಕಾಲವಾಯಿತು, ಗೋಡೆಗೆ ಮಾತ್ರ ವರ್ಷವರ್ಷ ಸುಣ್ಣ ಬೀಳುತ್ತದೆ. ಪ್ರತಿ ಸೋಮವಾರ ದೀಪ ಹಚ್ಚುವ ಹೊತ್ತಿಗೆ ಅದರ ಮೇಲೆ ಮೂರು ನಿಮಿಷದ ಒಂದು ಸಿನಿಮಾ ತೋರಿಸುತ್ತೇವೆ. ನಾವು ಸಿನಿಮಾ ಅನ್ನುವುದಿಲ್ಲ, ಪ್ರಯೋಗ ಅನ್ನುತ್ತೇವೆ. ಊರಿಗೆಲ್ಲ ಇರುವುದು ಒಂದೇ ಕ್ಯಾಮೆರಾ. ಅದು ಶಾಂತವೀರಯ್ಯ ಮೇಷ್ಟ್ರ ಮನೆಯ ಅಕ್ಕಿ ಡಬ್ಬದಲ್ಲಿರುತ್ತದೆ. ರೀಲು ತೊಳೆಯುವುದು ಅವರ ಬಚ್ಚಲಲ್ಲಿ. ಮನೆಗೊಂದು ಚೀಟಿ ಬರೆದು ಡಬ್ಬಕ್ಕೆ ಹಾಕಿರುತ್ತಾರೆ, ಯಾರ ಚೀಟಿ ಬಂತೋ ಅವರದು ಆ ವಾರದ ಪ್ರಯೋಗ. ಗೋಡೆಯ ಮೇಲೆ ಏನು ಕಾಣುತ್ತದೋ ಅದು ಮುಂದಿನ ಸೋಮವಾರದವರೆಗೆ ಊರಲ್ಲಿ ನಡೆಯುತ್ತದೆ. ಅಷ್ಟೇ.

ಹಾಗೆ ನೋಡಬೇಡಿ. ರೂಢಿಯಾದರೆ ಏನೂ ಅಲ್ಲ. ಒಬ್ಬರು ಮಿಕ್ಸಿಗೆ ಪುಕ್ಕ ಅಂಟಿಸಿ ತೆಗೆದಿದ್ದರು. ಆ ವಾರ ಊರಿನ ಮಿಕ್ಸಿಗಳೆಲ್ಲ ಕಾವಿಗೆ ಕೂತವು, ಹತ್ತಿರ ಹೋದರೆ ಗುರ್ ಅನ್ನುತ್ತಿದ್ದವು. ಹೆಂಗಸರು ಒರಳಲ್ಲಿ ಚಟ್ನಿ ರುಬ್ಬಿದರು, ರುಚಿಯಾಗಿಯೇ ಇತ್ತು. ಇನ್ನೊಂದು ವಾರ ಎಲ್ಲರ ಎಡಗಿವಿಯೂ ಅಣಬೆಯಾಯಿತು. ಸಾರಿಗೆ ಅಂತ ಯಾರೂ ಯಾರದನ್ನೂ ಕೀಳಬಾರದೆಂದು ಮೇಷ್ಟ್ರು ತಮಟೆ ಹೊಡೆಸಿದರು. ಬಸವನಹುಳದ ಹಾಗೆ ಕಣ್ಣು ಕಡ್ಡಿಯ ಮೇಲೆ ನಿಂತ ವಾರವಂತೂ ಬಲು ಚೆನ್ನಾಗಿತ್ತು. ಕೂತಲ್ಲಿಂದಲೇ ಪಕ್ಕದ ಮನೆ ಕಾಂಪೌಂಡಿನಾಚೆ ನೋಡಬಹುದಿತ್ತು. ಕನ್ನಡಕದವರಿಗೆ ಮಾತ್ರ ಸ್ವಲ್ಪ ತೊಂದರೆ.

ಕಟ್ಟುನಿಟ್ಟು ಇರುವುದು ಒಂದಕ್ಕೇ. ಪ್ರತಿ ಪ್ರಯೋಗದ ಕೊನೆಗೆ ಏಳು ಸೆಕೆಂಡು ಮೇಷ್ಟ್ರ ಸ್ಲೇಟು ಕಾಣಬೇಕು. ಅದರ ಮೇಲೆ ಅವರೇ ದುಂಡಗೆ ಒಂದು ಪದ ಬರೆದಿರುತ್ತಾರೆ, ಹಳೇ ಸಿನಿಮಾಗಳ ಕೊನೆಗೆ ಬರುತ್ತಿತ್ತಲ್ಲ, ಅದೇ. ಅದು ಗೋಡೆಯ ಮೇಲೆ ಬಂದರೆ ಪ್ರಯೋಗ ಒಂದು ವಾರಕ್ಕೆ ಕಳಚಿಕೊಳ್ಳುತ್ತದೆ. ಬರದಿದ್ದರೆ ಕಳಚುವುದಿಲ್ಲ. ಬರದೇ ಹೋದದ್ದು ಇಷ್ಟು ವರ್ಷಕ್ಕೆ ಎರಡೇ ಸಲ, ಎರಡೂ ಸಲ ಇದೇ ಗಿರಣಿಯಿಂದ.

ಗಿರಣಿ ಹೊನ್ನೂರಮ್ಮನದು. ಅವಳ ಗಂಡ ಓಬಳೇಶ ಮೋಟರ್ ವೈಂಡಿಂಗ್ ಮಾಡುವವನು, ನನ್ನ ಗೆಳೆಯ. ಬಾಯಲ್ಲಿ ಸದಾ ಒಂದು ತುಂಡು ತಾಮ್ರದ ತಂತಿ ಕಚ್ಚಿಕೊಂಡಿರುತ್ತಿದ್ದುದರಿಂದ ಮಾತು ಕಮ್ಮಿ. ನೀವು ರಾಮಾಯಣ ಹೇಳಿದರೂ ಅವನು ಹೂಂ ಅನ್ನುತ್ತಿದ್ದ. ಆದರೆ ಪ್ರಯೋಗ ಅಂದರೆ ಪ್ರಾಣ. ಅವನ ಚೀಟಿ ಬಂದ ವಾರ ಗಿರಣಿಯ ಬೆಲ್ಟು ಜಾರುತ್ತಿತ್ತು. ಸರಿಮಾಡಿ ಕೊಡಿ ಅಂತ ಹೊನ್ನೂರಮ್ಮ ಮೂರು ಸಲ ಹೇಳಿದಳು. ಅವನು ಪ್ರಯೋಗ ಮುಗಿಯಲಿ ಅಂದ. ಅವಳಿಗೆ ಸಿಟ್ಟು ಬಂತು. ಸೋಮವಾರ ಸಂಜೆ ಊರೆಲ್ಲ ಗೋಡೆಯ ಮುಂದೆ ಕೂತಿದ್ದರೆ ಅವಳೊಬ್ಬಳು ಗಿರಣಿಯಲ್ಲಿ, ಸುರಿದಿಟ್ಟ ರಾಗಿಯ ಮುಂದೆ, ತನ್ನಷ್ಟಕ್ಕೆ ಬೈದುಕೊಂಡು ಕೂತಿದ್ದಳು. ಆಟ ನಡೆಯುವಾಗ ದೊಡ್ಡ ಮೋಟರು ಹಾಕಬಾರದು, ಹಾಕಿದರೆ ಫ್ಯೂಸು ಹೋಗುತ್ತದೆ, ಅದು ಎಲ್ಲರಿಗೂ ಗೊತ್ತು, ಅವಳಿಗೂ ಗೊತ್ತು. ಚಪ್ಪಾಳೆ ಕೇಳಿಸಿತು. ಚಪ್ಪಾಳೆ ಬಿತ್ತು ಅಂದರೆ ಸ್ಲೇಟು ಬಂತು ಅಂತ ಲೆಕ್ಕ. ಅವಳು ಎದ್ದು ಸ್ಟಾರ್ಟರ್ ಎಳೆದಳು.

ಅಲ್ಲೇ ತಪ್ಪಿದ್ದು. ಆ ಚಪ್ಪಾಳೆ ಸ್ಲೇಟಿಗಲ್ಲ, ಹೂವಿಗೆ. ಓಬಳೇಶನ ಪ್ರಯೋಗದಲ್ಲಿ ಅವನೇ ಗಿರಣಿಯ ಬಾಗಿಲಲ್ಲಿ ಕೂತಿರುತ್ತಾನೆ. ಬೆರಳ ತುದಿಯಿಂದ ತಾಮ್ರದ ತಂತಿ ಹೊರಟು ನೆಲಕ್ಕಿಳಿಯುತ್ತದೆ, ಬೇರು ಬಿಡುತ್ತದೆ. ಭುಜದಿಂದ ಕೊಂಬೆ, ಕೊಂಬೆಗೆ ಎಲೆ. ನೋಡನೋಡುತ್ತ ಮನುಷ್ಯ ಹೋಗಿ ಒಂದು ತಾಮ್ರದ ಗಿಡ ನಿಂತು ಗುಂಯ್ ಅನ್ನುತ್ತದೆ. ಕಡೆಗೆ ತುದಿಯಲ್ಲಿ ಪಿಂಗಾಣಿ ಫ್ಯೂಸಿನಂಥ ಒಂದು ಬಿಳೀ ಹೂವು ಬಿರಿಯುತ್ತದೆ. ಜನ ಚಪ್ಪಾಳೆ ಹೊಡೆದರು, ಗಿರಣಿ ಕೆಮ್ಮಿತು, ಟ್ರಾನ್ಸ್‌ಫಾರ್ಮರ್ ಠಪ್ ಅಂತು, ಗೋಡೆ ಕಪ್ಪಾಯಿತು.

ಕರೆಂಟು ಬಂದ ಮೇಲೆ ಉಳಿದದ್ದನ್ನು ತೋರಿಸೋಣ ಅಂದರೆ, ಒಮ್ಮೆ ಸಿನಿಮಾ ತೋರಿಸುವ ಮಿಷನ್ನಿಗೆ ಹತ್ತಿದ ರೀಲು ತೋರಿಸಿದರೂ ತೋರಿಸದಿದ್ದರೂ ಬೆಳ್ಳಗಾಗಿಯೇ ಇಳಿಯುತ್ತದೆ. ಅದನ್ನು ಕೊತ್ತಂಬರಿ ಕಟ್ಟು ಕಟ್ಟುವುದಕ್ಕೆ ಬಳಸುತ್ತೇವೆ. ಮೇಷ್ಟ್ರು ಬರೀ ಸ್ಲೇಟನ್ನೇ ಬೇರೆ ರೀಲಿನಲ್ಲಿ ತೆಗೆದು ತೋರಿಸಿಯೂ ನೋಡಿದರು. ಊರಿನವರಿಗೆಲ್ಲ ಒಂದೇ ಸಲ ಏನೋ ಮುಗಿದ ಹಾಗೆ ಅನ್ನಿಸಿ ಎದ್ದು ಮನೆಗೆ ಹೋಗಿ ಮಲಗಿದರು, ಅಷ್ಟೇ. ಆಟದ ಹೊತ್ತಿಗೆ ನನ್ನ ಪಕ್ಕ ಕೂತಿದ್ದ ಓಬಳೇಶ ಗಿರಣಿಯ ಬಾಗಿಲಲ್ಲಿ ಗಿಡವಾಗಿಯೇ ಉಳಿದ.

ಫ್ಯೂಸು ಹೋದದ್ದು ಯಾಕೆ ಅಂತ ಮಾತು ಬಂತು. ಯಾರೋ ತಂತಿಯ ಮೇಲೆ ಕಾಗೆ ಕೂತಿತ್ತು ಅಂದರು. "ಕಾಗೇನೇ ಇರ್ಬೇಕು" ಅಂದಳು ಹೊನ್ನೂರಮ್ಮ, ಸೆರಗಿನಿಂದ ಹಿಟ್ಟು ಒರೆಸಿಕೊಳ್ಳುತ್ತ. ಆ ಮಾತು ಆಡಿದ ಮೇಲೆ ಅವಳಿಗೆ ಕಾಗೆ ಕಂಡರೆ ಆಗುತ್ತಿರಲಿಲ್ಲ. ಅಂಗಳಕ್ಕೆ ಬಂದರೆ ಅನ್ನ ಹಾಕಿ ಬೇಗ ಕಳಿಸುತ್ತಿದ್ದಳು.

ಊರು ಗಿಡಕ್ಕೂ ಹೊಂದಿಕೊಂಡಿತು. ಅದು ಬೆಚ್ಚಗಿರುತ್ತಿದ್ದುದರಿಂದ ಅಕ್ಕಪಕ್ಕದವರು ಅದರ ಮೇಲೆ ಹಪ್ಪಳ ಒಣಗಿಸಿದರು. ಕೊಂಬೆಗೆ ಸಿಕ್ಕಿಸಿದರೆ ಮೊಬೈಲು ಚಾರ್ಜ್ ಆಗುತ್ತಿತ್ತು. ಓಬಳೇಶನಿಗೆ ಇದರಿಂದ ಬೇಜಾರೇನೂ ಇರಲಿಲ್ಲ. ಮಾತಾಡುತ್ತಿದ್ದ, ಮೊದಲಿಗಿಂತ ಜಾಸ್ತಿಯೇ ಮಾತಾಡುತ್ತಿದ್ದ. ಬಾಯಲ್ಲಿ ತಂತಿ ಇರಲಿಲ್ಲವಲ್ಲ, ಬಾಯೇ ತಂತಿಯಾಗಿತ್ತು. ಲೋ ವೋಲ್ಟೇಜ್ ಇದ್ದಾಗ ಮಾತ್ರ ಮಾತು ಎಳೆಯುತ್ತಿತ್ತು. ಹೊನ್ನೂರಮ್ಮ ದಿನಾ ಸಂಜೆ ಗಿರಣಿ ನಿಲ್ಲಿಸಿ, ಒಂದು ಬಿಂದಿಗೆ ನೀರು ತಂದು ಬುಡಕ್ಕೆ ಹಾಕುತ್ತಿದ್ದಳು.

"ಸಾಕಾ?"

"ನೀರು ಸಾಕಾಗೋಗಿದೆ ಕಣೇ. ಒಂದ್ ಸೌಟು ಹುರುಳಿ ಸಾರು ಹುಯ್ಯಿ."

"ಇರುವೆ ಮುತ್ಕಂತವೆ."

"ಮುತ್ಕಳ್ಳಿ ಬಿಡು. ಅವ್ಕೂ ಬಾಯಿಲ್ವಾ? ಮುದ್ದೆ ಇದ್ದಿದ್ರೆ ಚೆನ್ನಾಗಿತ್ತು. ಬೇರಲ್ಲಿ ಮುದ್ದೆ ನುಂಗಕ್ಕಾಗಲ್ಲ ನೋಡು."

ಅವನು ಹಾಸ್ಯಕ್ಕೆ ಅನ್ನುತ್ತಿದ್ದ. ಅವಳು ನಗುತ್ತಿರಲಿಲ್ಲ. ಒಳಗೆ ಹೋಗಿ ಒಂದು ಮುದ್ದೆ ಕಟ್ಟಿ, ಅರ್ಧ ತಿಂದು, ಅರ್ಧ ಹಾಗೇ ಬಿಟ್ಟು ಮಲಗುತ್ತಿದ್ದಳು. ಅವಳಿಗೆ ಬೇಕಾಗಿದ್ದದ್ದು ಒಂದೇ. ಎದುರಿಗೆ ಗಂಡ ಕೂತು ಉಣ್ಣಬೇಕು, ಒಂದು ವಾರಕ್ಕಲ್ಲ, ಇರುವಷ್ಟು ದಿನಕ್ಕೂ.

ನಡುವೆ ನನ್ನ ಚೀಟಿ ಬಂತು. ಗೆಳೆಯ ಅಂದ ಮೇಲೆ ಸುಮ್ಮನಿರುವುದಕ್ಕಾಗುತ್ತದೆಯೇ? ಓಬಳೇಶನ ಮದುವೆ ದಿನದ ಫೋಟೋ ಇತ್ತು, ಅವನೊಬ್ಬನೇ ನಿಂತದ್ದು. ಅದನ್ನೇ ಗೋಡೆಗೆ ಒರಗಿಸಿ ಮೂರು ನಿಮಿಷ ತೆಗೆದು, ಕೊನೆಗೆ ಸ್ಲೇಟು ಹಿಡಿದು, ತೋರಿಸಿಬಿಟ್ಟೆ. ಗಿಡ ಮಾಯ. ಆ ಜಾಗದಲ್ಲಿ ಓಬಳೇಶ ಬಂದ ಸ್ವಾಮಿ, ಆದರೆ ಇಪ್ಪತ್ತನಾಲ್ಕು ವರ್ಷದವನು, ಎಳೇ ಮೀಸೆ, ಹಣೆಗೆ ಬಾಸಿಂಗ. ಬಾಗಿಲಿಗೆ ಬಂದ ಹೊನ್ನೂರಮ್ಮನನ್ನು ನೋಡಿ ಕೈಮುಗಿದು, "ಅಮ್ಮಾ, ಹುಡುಗಿ ಕಡೆಯೋರಾ?" ಅಂದ.

ಅವಳು ನನ್ನನ್ನು ನೋಡಿದ ನೋಟ ಈಗ ಬೇಡ. ಆ ವಾರವೆಲ್ಲ ಅವನು ಬಾಸಿಂಗ ಬಿಚ್ಚದೆ ಓಡಾಡಿದ, ಅವಳು ಅವನ ಎದುರಿಗೆ ಸೆರಗು ಹೊದ್ದು ಓಡಾಡಿದಳು. ಆದರೂ ದಿನಾ ಮುದ್ದೆ ಮಾಡಿ ಬಡಿಸಿದಳು. ಸೋಮವಾರ ಸಂಜೆ ಅವನು ಉಣ್ಣುತ್ತಿದ್ದಾಗ, ಆಚೆ ಗೋಡೆಯ ಮೇಲೆ ಬೇರೆಯವರ ಪ್ರಯೋಗ ಶುರುವಾಯಿತು. ಎತ್ತಿದ ತುತ್ತು ನೆಲಕ್ಕೆ ಬಿತ್ತು. ತಟ್ಟೆಯ ಮುಂದೆ ಗಿಡ.

"ಏನಾಯ್ತೇ?" ಅಂತು ಗಿಡ.

"ಏನಿಲ್ಲ" ಅಂದು ಅವಳು ಬಿದ್ದ ತುತ್ತನ್ನು ಎತ್ತಿ ಬುಡದಲ್ಲಿ ಇಟ್ಟಳು. ಆವತ್ತೇ ಅವಳು ತೀರ್ಮಾನ ಮಾಡಿದ್ದು. ಸ್ಲೇಟು ಇರುವ ಪ್ರಯೋಗ ಒಂದು ವಾರದ ಗಂಡನನ್ನು ಕೊಡುತ್ತದೆ. ಸ್ಲೇಟು ಇಲ್ಲದ್ದೇ ಬೇಕು. ಮೇಷ್ಟ್ರು ಅದಕ್ಕೆ ಒಪ್ಪುವ ಪೈಕಿಯಲ್ಲ.

ಗಿಡವಾಗಿ ಹನ್ನೊಂದು ತಿಂಗಳಿಗೆ ಗಿರಣಿಯ ಚೀಟಿ ಮತ್ತೆ ಬಂತು. ಮೇಷ್ಟ್ರು ಕ್ಯಾಮೆರಾ ಕೊಡುತ್ತ ಬೆರಳೆತ್ತಿ ಹೇಳಿದರು.

"ನೋಡು ತಾಯಿ, ಕಡೇಗೆ ಏಳು ಸೆಕೆಂಡು ನನ್ನ ಸ್ಲೇಟು. ಈ ಸಲಾನೂ ಕಾಗೆಗೀಗೆ ಅಂದ್ರೆ ನಿಮ್ಮನೆ ಚೀಟಿ ಡಬ್ಬದಿಂದ ತೆಗೆದ್ಬಿಡ್ತೀನಿ. ಆಮೇಲೆ ನಿಮ್ಮನೆಗೆ ಪ್ರಯೋಗಾನೇ ಇಲ್ಲ."

"ಆಗ್ಲಿ ಮೇಷ್ಟ್ರೇ. ಸ್ಲೇಟು ತೆಗೀತೀನಿ" ಅಂದಳು. ತೆಗೆದಳು ಕೂಡ. ತೋರಿಸುತ್ತೇನೆ ಅಂತ ಮಾತ್ರ ಹೇಳಿರಲಿಲ್ಲ.

ಫೋಟೋ ಆಗದು ಅಂತ ಗೊತ್ತಾಗಿತ್ತು. ಓಬಳೇಶನ ಪಾತ್ರಕ್ಕೆ ಜೀವ ಇರುವ ಮನುಷ್ಯ ಬೇಕು. ನನ್ನನ್ನು ಕರೆಸಿದಳು. ಅವನದೇ ನೀಲಿ ಅರ್ಧ ತೋಳಿನ ಶರ್ಟು ಕೊಟ್ಟಳು. ಜೇಬಿನ ಹತ್ತಿರ ಬೆಸುಗೆ ಕಡ್ಡಿ ತಾಗಿ ಸುಟ್ಟ ಕಲೆ, ನೋಡಿ, ಇಲ್ಲಿ. ಗಿಡದ ಪಕ್ಕ ಗೋಣಿಚೀಲದ ಪರದೆ ಕಟ್ಟಿದಳು. ಪರದೆಯ ಒಂದು ಕಡೆ ಗಿಡ, ಇನ್ನೊಂದು ಕಡೆಯಿಂದ ನಾನು ಹೊರಟು ಬಂದು, ಜಗಲಿಯಲ್ಲಿ ಕೂತು ಮುದ್ದೆ ಉಣ್ಣಬೇಕು. ಅಷ್ಟೇ ಪ್ರಯೋಗ. ಪುಕ್ಕ ಇಲ್ಲ, ಬೇರಿಲ್ಲ, ಅಣಬೆ ಇಲ್ಲ. ನಮ್ಮೂರಲ್ಲಿ ಅಷ್ಟು ವಿಚಿತ್ರವಾದದ್ದನ್ನು ಯಾರೂ ತೆಗೆದಿರಲಿಲ್ಲ. ನಾನು ನಡೆದು ತೋರಿಸಿದೆ.

"ನಾನು ಹಂಗೆ ಕಾಲೆಳ್ಕಂಡು ನಡೀತಿರ್ಲಿಲ್ಲ" ಅಂತು ಗಿಡ.

"ಹಂಗೇ ನಡೀತಿದ್ರಿ. ಇಪ್ಪತ್ತಾರು ವರ್ಷ ನಿಮ್ಮ ಹಿಂದೆ ನಡೆದೋಳು ನಾನಾ, ನೀವಾ?"

"ರುದ್ರೇಶಿ, ಹೊಟ್ಟೆ ಒಳಕ್ಕೆಳ್ಕಳೋ, ಮಾನ ಕಳೀಬೇಡ."

"ಇರೋದೇ ಇಷ್ಟು ಕಣಯ್ಯಾ, ಎಲ್ಲಿಗೆ ಎಳ್ಕಳ್ಳಿ?"

"ಎಳ್ಕಬೇಡ ರುದ್ರೇಶಣ್ಣ" ಅಂದಳು ಹೊನ್ನೂರಮ್ಮ. "ಇದ್ದಂಗೇ ಇರ್ಲಿ. ಚೆಂದ ಮಾಡಕ್ಕೋಗಿ ಒಂದ್ ಸಲ ಕೆಟ್ಟಿದೀವಿ."

ಕೂರುವಾಗ ಮೊದಲು ಬಲಗೈ ನೆಲಕ್ಕೆ ಊರಬೇಕು. ತಟ್ಟೆಯನ್ನು ಒಂದು ಸುತ್ತು ತಿರುಗಿಸಿ ನೋಡಬೇಕು, ಯಾಕೆ ಅಂತ ಕೇಳಬಾರದು. ಮುದ್ದೆಗೆ ಒಂಬತ್ತು ತುತ್ತು, ಎಂಟಲ್ಲ, ಹತ್ತಲ್ಲ. ನಾಲ್ಕನೆಯದಾದ ಮೇಲೆ ಮೊಣಕಾಲ ಹಿಂದೆ ಒಮ್ಮೆ ಕೆರೆದುಕೊಳ್ಳಬೇಕು. ಅವಳು ಒಂದೊಂದೇ ಹೇಳುತ್ತ ಹೋದ ಹಾಗೆ ಗಿಡದ ಗುಂಯ್ ಸದ್ದು ಸಣ್ಣದಾಗುತ್ತ ಬಂತು. ಕೊನೆಗೆ ಅದು ತಕರಾರು ನಿಲ್ಲಿಸಿತು.

ಸೋಮವಾರ ಮಧ್ಯಾಹ್ನ ನಾನು ಗೋಣಿ ಪರದೆ ಬಿಚ್ಚುತ್ತಿದ್ದೆ. ನಾನಿದ್ದದ್ದು ಅವಳಿಗೆ ಕಾಣಲಿಲ್ಲ. ಕದ್ದು ಕೇಳುವ ಅಭ್ಯಾಸ ನನಗಿಲ್ಲ, ಎದ್ದುಹೋಗುವ ಅಭ್ಯಾಸವೂ ಇಲ್ಲ. ಅವಳು ಬಿಂದಿಗೆ ಹಿಡಿದು ನಿಂತಿದ್ದಳು, ನೀರು ಹಾಕುತ್ತಿರಲಿಲ್ಲ.

"ಒಂದ್ ಮಾತು ಹೇಳ್ಬೇಕಿತ್ತು."

"ಹೂಂ."

"ಅವತ್ತು ಕಾಗೆ ಅಲ್ಲ."

"ಹೂಂ."

"ನಾನೇ ಗಿರಣಿ ಹಾಕಿದ್ದು. ಚಪ್ಪಾಳೆ ಕೇಳಿಸ್ತು, ಮುಗೀತು ಅನ್ಕಂಡೆ. ಸಿಟ್ಟೂ ಇತ್ತು."

"ಗೊತ್ತು."

"ಏನ್ ಗೊತ್ತು?"

"ಆ ಮೋಟರ್ನ ಮೂರು ಸಲ ಸುತ್ತಿದೀನಿ ಕಣೇ. ಅದು ಕೆಮ್ಮೋದು ನಂಗೆ ತಿಳಿಯಲ್ವಾ?"

ಅವಳು ಬಿಂದಿಗೆಯನ್ನು ಕೆಳಗಿಟ್ಟಳು. "ಹನ್ನೊಂದು ತಿಂಗ್ಳು ಗೊತ್ತಿದ್ದೂ ಸುಮ್ಕಿದ್ರಾ?"

"ನೀನೂ ಸುಮ್ಕಿದ್ದೆ. ಇಬ್ರೂ ಸೇರಿ ಸುಮ್ಕಿದ್ವಿ ಬಿಡು." ಎಲೆಗಳು ಒಂದಿಷ್ಟು ಅಲ್ಲಾಡಿದವು. "ತಪ್ಪು ನಂದೂ ಇತ್ತು. ಬೆಲ್ಟು ಸರಿಮಾಡಿ ಕೊಡ್ಬೇಕಿತ್ತು."

ಅವಳು ಅತ್ತಳೋ ನಕ್ಕಳೋ ನನಗೆ ಗೋಣಿಯ ಸಂದಿಯಲ್ಲಿ ಸರಿಯಾಗಿ ಕಾಣಲಿಲ್ಲ. ಆಮೇಲೆ ಗಟ್ಟಿಯಾಗಿ ಅಂದಳು, "ಇವತ್ತೂ ಹಾಕ್ತೀನಿ."

"ಹಾಕು. ಆದ್ರೆ ಖಾಲಿ ಗಿರಣಿ ಹಾಕ್ಬೇಡ, ಫ್ಯೂಸು ತಡ್ಕಂಬಿಡ್ತದೆ. ಬಾಯ್ತುಂಬ ರಾಗಿ ಸುರಿ, ಕಲ್ಲು ಬಿಗಿ ಮಾಡು, ಆಮೇಲೆ ಎಳಿ. ಮೋಟರ್ ತಿರುಗಕ್ಕಾಗ್ದೆ ಒದ್ದಾಡ್ಬೇಕು. ಆಗ ಹೋಗ್ತದೆ."

"ನಿಮ್ ಮೋಟರ್ ಸುಟ್ಟೋದ್ರೆ?"

"ಸುತ್ತಕ್ಕೆ ಕೈ ಬರ್ತಾವಲ್ಲ" ಅಂತು ಗಿಡ.

ಗಿರಣಿಯಿಂದ ಗೋಡೆಯ ತುದಿ ಬಿಟ್ಟರೆ ಏನೂ ಕಾಣುವುದಿಲ್ಲ, ನಡುವೆ ಮಿಲ್ಲಿನ ಶೆಡ್ಡು. ಚಪ್ಪಾಳೆಯನ್ನು ಅವಳು ಇನ್ನು ನಂಬುವವಳಲ್ಲ. ಅದಕ್ಕೆ ತುತ್ತು ಎಣಿಸುತ್ತೇನೆ ಅಂದಳು. ಸಂಜೆ ಊರೆಲ್ಲ ಸೇರಿತು. ಮೇಷ್ಟ್ರು ಕೈಗಡಿಯಾರ ಬಿಚ್ಚಿ ಅಂಗೈಯಲ್ಲಿ ಹಿಡಿದು ಕೂತರು. ಮಿಷನ್ನು ಶುರುವಾದ ಸದ್ದು ಕೇಳಿದ ಕೂಡಲೇ ಅಲ್ಲಿ ಅವಳು ಕಣ್ಣು ಮುಚ್ಚಿ ಎಣಿಕೆ ಶುರುಮಾಡಿದಳು. ಇತ್ತ ಗೋಡೆಯ ಮೇಲೆ ಗಿಡ, ಪರದೆ, ಪರದೆಯಿಂದ ನಾನು. ಜನ ಸ್ವಲ್ಪ ಹೊತ್ತು ಏನು ಬೆಳೆಯುತ್ತದೆ, ಏನು ಉದುರುತ್ತದೆ ಅಂತ ಕಾದರು. ಏನೂ ಇಲ್ಲ. ಒಬ್ಬ ಮನುಷ್ಯ ಕೂತು ಮುದ್ದೆ ಉಣ್ಣುತ್ತಿದ್ದಾನೆ. ನಾಲ್ಕನೇ ತುತ್ತಾಗಿ ನಾನು ಮೊಣಕಾಲ ಹಿಂದೆ ಕೆರೆದುಕೊಂಡಾಗ ಹಿಂದಿನಿಂದ ಯಾರೋ, "ಅಯ್ಯೋ, ಥೇಟ್ ನಮ್ ಓಬಳೇಶ ಕಣ್ರೋ" ಅಂದರು. ಐದು. ಆರು. ಏಳು. ಎಂಟನೇ ತುತ್ತು ಗಂಟಲಿಳಿಯಿತು, ತಟ್ಟೆಯಲ್ಲಿ ಒಂದೇ ಒಂದು ಉಳಿದಿತ್ತು. ಗಿರಣಿ ಕೆಮ್ಮಿತು. ಠಪ್.

"ಕಾಗೇನಾ?" ಅಂತ ಕೂಗಿದರು ಮೇಷ್ಟ್ರು.

ಎಲ್ಲರೂ ಗಿರಣಿಗೆ ಓಡಿದೆವು. ಹೊನ್ನೂರಮ್ಮ ಸ್ಟಾರ್ಟರಿನ ಮೇಲೆ ಕೈಯಿಟ್ಟೇ ನಿಂತಿದ್ದಳು, ಮುಖವೆಲ್ಲ ಹಿಟ್ಟು, ಮೋಟರಿನಿಂದ ಹೊಗೆ.

"ಕಾಗೆ ಅಲ್ಲ ಮೇಷ್ಟ್ರೇ, ನಾನು. ಹೋದ್ಸಲಾನೂ ನಾನೇ. ಒಂಬತ್ತಕ್ಕೆ ಎಳೀಬೇಕು ಅಂತಿದ್ದೆ, ಎದೆ ಹೊಡ್ಕಂಡು ಎಂಟಕ್ಕೇ ಎಳ್ದ್ಬಿಟ್ಟೆ."

ಅವಳ ಹಿಂದೆ ಜಗಲಿಯ ಮೇಲೆ ಗಿಡ ಇರಲಿಲ್ಲ. ಓಬಳೇಶ ತಟ್ಟೆ ಮುಂದಿಟ್ಟುಕೊಂಡು ಕೂತಿದ್ದ. ಐವತ್ತು ವರ್ಷದ ಓಬಳೇಶ, ಬಾಸಿಂಗ ಇಲ್ಲ. ಉಳಿದ ತುತ್ತನ್ನು ಬಾಯಿಗೆ ಹಾಕಿಕೊಂಡು, ಕಣ್ಣು ಮುಚ್ಚಿ ನುಂಗಿ, "ಉಪ್ಪು ಸ್ವಲ್ಪ ಮುಂದಾಗಿದೆ ಕಣೇ" ಅಂದ. ಅವಳು ರಾಗಿ ಚೀಲ ಎಳೆದುಕೊಂಡು ಅವನ ಎದುರಿಗೇ ಕೂತಳು.

ಮೇಷ್ಟ್ರು ಮಾತಿಗೆ ತಪ್ಪುವವರಲ್ಲ. ಮರುದಿನವೇ ಗಿರಣಿಯ ಚೀಟಿಯನ್ನು ಡಬ್ಬದಿಂದ ತೆಗೆದು ಅವಳ ಕೈಗೆ ಕೊಟ್ಟರು. "ಇನ್ಮೇಲೆ ನಿಮ್ಮನೇಲಿ ಹೊಸದೇನೂ ಆಗಲ್ಲ ತಾಯಿ" ಅಂದರು. "ಬೇಡ್ವೇ ಬೇಡ ಮೇಷ್ಟ್ರೇ" ಅಂದು ಅವಳು ಅದನ್ನು ಒಲೆಗೆ ಹಾಕಿ ಅದರ ಮೇಲೇ ಎಸರಿಟ್ಟಳು.

ಸೋಮವಾರ ಬಂತು, ಹೋಯಿತು. ಓಬಳೇಶ ಉಳಿದ. ಆದರೆ ಸ್ಲೇಟು ಬರಲಿಲ್ಲ ಅಂದರೆ ಏನೂ ಕಳಚುವುದಿಲ್ಲ ಸ್ವಾಮಿ, ಏನೂ ಅಂದರೆ ಏನೂ. ಅವನು ಈಗ ನನ್ನ ಹಾಗೆಯೇ ಎಡಗಾಲು ಎಳೆಯುತ್ತಾನೆ. ಮೊದಲೂ ಹೀಗೇ ಅಂತ ಅವಳ ವಾದ. ಅವನ ತಟ್ಟೆಯಲ್ಲಿ ಎಷ್ಟು ಉಂಡರೂ ಒಂದು ತುತ್ತು ಮುದ್ದೆ ಉಳಿದೇ ಇರುತ್ತದೆ. ನುಂಗಿದರೆ ಇನ್ನೊಂದು, ಯಾವಾಗಲೂ ಬಿಸಿ, ಯಾವಾಗಲೂ ಉಪ್ಪು ಮುಂದು. ಅವನಿಗೆ ಸಾಕಾದಾಗ ಬಂದವರಿಗೆ ಕೊಡುತ್ತಾನೆ. ಅವಳೂ ಈಗ ಪೂರ್ತಿ ಉಣ್ಣುತ್ತಾಳೆ, ದಪ್ಪಗಾಗಿದ್ದಾಳೆ. ಬೆಲ್ಟು ಸರಿಯಾಗಿದೆ. ಮತ್ತೆ ಈ ಶರ್ಟು. ಪಾತ್ರ ಮಾಡಿದವನು ನಾನಲ್ಲವೇ, ಇದೂ ಕಳಚುವುದಿಲ್ಲ. ಐದು ವರ್ಷದಿಂದ ಶರ್ಟು ಹಾಕಿಕೊಂಡೇ ಸ್ನಾನ. ಅಂಥದೇ ಶರ್ಟು ಅವನ ಮೈಮೇಲೂ ಇದೆ, ಅದೇ ಸುಟ್ಟ ಕಲೆ, ಅದೇ ಜಾಗ. ನಂಬಿಕೆ ಬರದಿದ್ದರೆ ಗುಂಡಿ ಬಿಚ್ಚಿ ನೋಡಿ. ನಾಚಿಕೆ ಬೇಡ, ಜಗ್ಗಿ. ಇನ್ನೂ ಜೋರಾಗಿ. ನೋಡಿದಿರಾ?

ಅಗೋ, ಓಬಳೇಶನೇ ಬಂದ.

"ಏನ್ ರುದ್ರೇಶಿ, ಯಾರೋ ಪರಸ್ಥಳದೋರು ಬಂದಂಗದೆ? ತಗಳಿ ಸಾರ್, ಒಂದೇ ತುತ್ತು, ಬಿಸಿಯಾಗದೆ."

ಹೆದರಬೇಡಿ ಸ್ವಾಮಿ, ಬರೀ ಮುದ್ದೆ. ಬೇಡವಾದರೆ ಬಿಡಿ, ಒತ್ತಾಯವಿಲ್ಲ. ಯಾಕೆ ಚೀಲ ಹೆಗಲಿಗೇರಿಸಿದಿರಿ? ಬಸ್ಸು ಇನ್ನೂ ಬಂದಿಲ್ಲ. ಷರತ್ತು ಮರೆತಿರಾ, ಕೊನೆಯ ಮಾತೊಂದು ಬಾಕಿ ಇದೆ, ಸ್ಲೇಟಿನ ಮೇಲಿರುತ್ತದಲ್ಲ ಅದೇ, ಒಂದೇ ಪದ, ಬಾಯಿಬಿಟ್ಟು ಹೇಳುವುದಕ್ಕೆ ಅರೆಗಳಿಗೆ ಸಾಕು. ಅದನ್ನು ಕೇಳದೆ ಹೋದರೆ ಈ ಕತೆ ನಿಮ್ಮ ಮೈಯಿಂದ ಕಳಚುವುದೇ ಇಲ್ಲ, ನಿಲ್ಲಿ, ಓಡಬೇಡಿ, ಆಗಲೇ ನಿಮ್ಮ ಎಡಗಾಲು ಸ್ವಲ್ಪ